ಎರಡು ಗೊತ್ತಿಲ್ಲದ ಸಂಖ್ಯೆಗಳ ಲೆಕ್ಕ: ಚೀಟಿ ಬದಲಿಸಿ ಕಲಿಸುವ ಕ್ರಮ

ಐದರಿಂದ ಎಂಟನೇ ತರಗತಿವರೆಗಿನ ಮಕ್ಕಳಿಗೆ ಈ ಲೆಕ್ಕ ಹೇಳಿಕೊಡುವಾಗ ಎಕ್ಸ್, ವೈ ಎರಡನ್ನೂ ನಾನು ಮೊದಲ ವಾರ ಬೋರ್ಡಿನ ಮೇಲೆ ಬರೆಯುವುದಿಲ್ಲ. ಶುರು ಮಾಡುವುದು ಕಾಗದದ ಚೀಟಿಗಳಿಂದ. ಹಳದಿ ಚೀಟಿಗೆ 20 ರೂಪಾಯಿ, ನೀಲಿಗೆ 50. ನಿಜವಾದ ನೋಟಿನ ಬಣ್ಣಕ್ಕೆ ಹತ್ತಿರ ಇದ್ದರೆ ಬೆಲೆ ನೆನಪಿನಲ್ಲಿ ಉಳಿಯುತ್ತದೆ.

ಲೆಕ್ಕ ಇದು: ಪರ್ಸಿನಲ್ಲಿ 20 ಮತ್ತು 50 ರೂಪಾಯಿಯ ನೋಟುಗಳು ಸೇರಿ 17 ಇವೆ. ಒಟ್ಟು ಹಣ 490 ರೂಪಾಯಿ. ಯಾವುದು ಎಷ್ಟು?

ಮೊದಲು 17 ಹಳದಿ ಚೀಟಿಗಳನ್ನೇ ಸಾಲಾಗಿ ಇಡಿಸುತ್ತೇನೆ. 340 ಆಯಿತು. ಬೇಕಾದ್ದು 490, ಇನ್ನೂ 150 ಕಡಿಮೆ. ಈಗ ಒಂದು ಹಳದಿ ತೆಗೆದು ಅದೇ ಜಾಗದಲ್ಲಿ ಒಂದು ನೀಲಿ ಇಟ್ಟು ಮತ್ತೆ ಎಣಿಸಬೇಕು: 370. ಚೀಟಿಗಳು ಈಗಲೂ 17, ಹಣ ಮಾತ್ರ 30 ಏರಿದೆ. ಇನ್ನೊಂದು ಬದಲಿಸಿದರೆ 400. ಮೂರನೆಯದಕ್ಕೆ ಕೈ ಹಾಕುವಷ್ಟರಲ್ಲಿ ಹೆಚ್ಚಿನ ಮಕ್ಕಳು 150ರಲ್ಲಿ 30 ಎಷ್ಟು ಸಲ ಎಂದು ತಾವೇ ಭಾಗಿಸುತ್ತಾರೆ. ಐದು ಸಲ. ಐದು ನೀಲಿ, ಹನ್ನೆರಡು ಹಳದಿ; 250 + 240 = 490.

ತಪ್ಪು ಆಗುವುದು ಆ ಭಾಗಾಕಾರದಲ್ಲೇ. 150ನ್ನು 30ರಿಂದ ಭಾಗಿಸುವ ಬದಲು 50ರಿಂದ ಭಾಗಿಸಿ ಮೂರು ನೀಲಿ, ಹದಿನಾಲ್ಕು ಹಳದಿ ಎಂದು ಬರೆಯುತ್ತಾರೆ. ನೀಲಿ ಬಂದದ್ದು ಕಣ್ಣಿಗೆ ಕಾಣುತ್ತದೆ, ಹಳದಿ ಹೋದದ್ದು ಮರೆತುಹೋಗುತ್ತದೆ. 490 ಎಂಬ ಮೊತ್ತವನ್ನು ಆರಿಸಿದ್ದೇ ಇದಕ್ಕಾಗಿ. 520 ಕೊಟ್ಟಿದ್ದರೆ 180 ÷ 50 ಪೂರ್ಣ ಸಂಖ್ಯೆ ಬರುತ್ತಿರಲಿಲ್ಲ, ಮಗು ಏನೋ ತಪ್ಪಿದೆ ಎಂದು ಅಂದಾಜಿನಲ್ಲಿ ತಿದ್ದಿಕೊಳ್ಳುತ್ತಿತ್ತು. ಇಲ್ಲಿ ತಪ್ಪು ಉತ್ತರವೂ ಪೂರ್ಣ ಸಂಖ್ಯೆಯೇ. ತಾಳೆ ನೋಡಿದಾಗ ಮಾತ್ರ ಸಿಕ್ಕಿಬೀಳುತ್ತದೆ: 150 + 280 = 430, ಅಂದರೆ 60 ಕಡಿಮೆ. ಆ 60 ಎಲ್ಲಿಂದ ಬಂತು ಎಂದು ಹುಡುಕಿಸಿ. ತೆಗೆದ ಮೂರು ಹಳದಿ ಚೀಟಿಗಳ ಬೆಲೆ ಅದು!

ಎಲ್ಲರೂ ಕೊಡುವ ಕೋಳಿ-ಕುರಿ ಕಾಲಿನ ಲೆಕ್ಕವನ್ನು ನಾನು ಮೊದಲು ಕೊಡುವುದಿಲ್ಲ. 4ರಲ್ಲಿ 2 ಹೋದರೆ 2, ಕೋಳಿಯ ಕಾಲೂ 2. ವ್ಯತ್ಯಾಸದಿಂದ ಭಾಗಿಸಿದ್ದೋ ಕೋಳಿಯ ಕಾಲಿನಿಂದ ಭಾಗಿಸಿದ್ದೋ ತಿಳಿಯುವುದೇ ಇಲ್ಲ. ಆಟೋ-ಬೈಕಿನ ಚಕ್ರವಂತೂ ಇನ್ನೂ ಕಷ್ಟ: ವ್ಯತ್ಯಾಸ 1 ಆದ್ದರಿಂದ ಭಾಗಾಕಾರವೇ ಮಾಯ.

ಚೀಟಿ ಕೈಗೆ ಒಗ್ಗಿದ ಮೇಲೆ ಸಮೀಕರಣ. ಅ ಎಂದರೆ 20ರ ನೋಟುಗಳ ಸಂಖ್ಯೆ, ಬ ಎಂದರೆ 50ರ ನೋಟುಗಳ ಸಂಖ್ಯೆ. ಅ + ಬ = 17, 20ಅ + 50ಬ = 490. ಮೊದಲನೆಯದನ್ನು 20ರಿಂದ ಗುಣಿಸಿದರೆ 20ಅ + 20ಬ = 340. ಎರಡನೆಯದರಿಂದ ಕಳೆದರೆ 30ಬ = 150. ಮಕ್ಕಳಿಗೆ 340, 30, 150 ಮೂರೂ ಹಳೆಯ ಪರಿಚಯ. ಹತ್ತನೇ ತರಗತಿಯಲ್ಲಿ ವರ್ಜಿಸುವ ವಿಧಾನ ಎಂದು ಬರುವುದು ಚೀಟಿ ಬದಲಿಸಿದ ಈ ಕೆಲಸವೇ. ಅಕ್ಷರ ಆರಿಸುವಾಗ ಒಂದು ಎಚ್ಚರಿಕೆ: ಪೆನ್ನಿಗೆ ಪೆ, ಪುಸ್ತಕಕ್ಕೆ ಪು ಬೇಡ. 5ಪೆ ಎಂದರೆ ಐದು ಪೆನ್ನು ಎಂದು ಓದುತ್ತಾರೆ, ಪೆನ್ನಿನ ಬೆಲೆಯ ಐದರಷ್ಟು ಎಂದಲ್ಲ. 'ಅ = ಒಂದು ಪೆನ್ನಿನ ಬೆಲೆ, ರೂಪಾಯಿಗಳಲ್ಲಿ' ಎಂದು ಪೂರ್ತಿ ಬರೆಸಬೇಕು.

'ಗಿಂತ' ಬರುವ ಲೆಕ್ಕಗಳಿಗೆ ಪಟ್ಟಿ ಎಳೆಸುತ್ತೇನೆ. ರವಿಗಿಂತ ಗೀತಾಳ ಬಳಿ 12 ಗೋಲಿ ಹೆಚ್ಚು, ಇಬ್ಬರದೂ ಸೇರಿ 48. 'ಗಿಂತ' ಅಂಟಿದ ಹೆಸರಿಗೆ ಮೊದಲು ಪಟ್ಟಿ, ಅದರ ಕೆಳಗೆ ಅಷ್ಟೇ ಉದ್ದದ ಇನ್ನೊಂದು, ಅದಕ್ಕೆ 12ರ ಬಾಲ. ಬಾಲ ಕತ್ತರಿಸಿದರೆ 36, ಅರ್ಧ 18. ರವಿ 18, ಗೀತಾ 30. ಚಿತ್ರವಿಲ್ಲದೆ ಮಾಡಿದವರು 48ನ್ನೇ ಅರ್ಧ ಮಾಡಿ 24, 36 ಎನ್ನುತ್ತಾರೆ. ವ್ಯತ್ಯಾಸ ಸರಿ, ಮೊತ್ತ 60.

ಕೊನೆಗೆ ಕೊಡುವುದು ನಮ್ಮದೇ ಹಳೆಯ ಲೆಕ್ಕ. 9ನೇ ಶತಮಾನದಲ್ಲಿ, ಅಮೋಘವರ್ಷ ನೃಪತುಂಗನ ಕಾಲದ ಮಹಾವೀರಾಚಾರ್ಯ ಗಣಿತಸಾರಸಂಗ್ರಹದಲ್ಲಿ ಇಟ್ಟದ್ದು: 9 ಮಾದಲ ಹಣ್ಣು, 7 ಬೇಲದ ಹಣ್ಣಿಗೆ ಬೆಲೆ 107, 7 ಮಾದಲ, 9 ಬೇಲಕ್ಕೆ 101. ದೊಡ್ಡ ಗುಣಾಕಾರ ಏನೂ ಬೇಡ. ಎರಡನ್ನೂ ಕೂಡಿಸಿ: 16 ಮಾದಲ, 16 ಬೇಲ, 208. ಅಂದರೆ ಒಂದೊಂದು ಸೇರಿ 13. ಕಳೆಯಿರಿ: 2 ಮಾದಲ ಬಂದು 2 ಬೇಲ ಹೋದರೆ 6 ಹೆಚ್ಚು, ಒಂದಕ್ಕೊಂದು 3 ಹೆಚ್ಚು. ಮೊತ್ತ 13, ವ್ಯತ್ಯಾಸ 3: ಪಟ್ಟಿ ಎಳೆದರೆ ಮಾದಲ 8, ಬೇಲ 5.

ಇಲ್ಲೂ ಎರಡೂ ವಾಕ್ಯಗಳಲ್ಲಿ ತಾಳೆ ನೋಡಿಸುತ್ತೇನೆ. ಮಾದಲ 1, ಬೇಲ 14 ಎಂದು ಹಾಕಿದರೂ ಮೊದಲ ವಾಕ್ಯಕ್ಕೆ 9 + 98 = 107 ಸರಿಯಾಗಿಯೇ ಬರುತ್ತದೆ. ಎರಡನೆಯದಕ್ಕೆ ಹಾಕಿದಾಗ 101ರ ಬದಲು 133 ಬರುತ್ತದೆ.