ಸರ್ಪಗಂಧ: ಬೀಜದಿಂದಲೇ ಬೆಳೆದೆ, ಬೇರು ಮಾರಿದೆ

ಸರ್ಪಗಂಧ ಬೇರಿಗಾಗಿ ಬೆಳೆಯುವ ಔಷಧಿ ಗಿಡ. ಅದರ ಬೀಜ ನಂಬಬೇಡ, ನೂರಕ್ಕೆ ಹತ್ತು ಹುಟ್ಟಿದರೆ ಹೆಚ್ಚು, ಬೇರಿನ ತುಂಡು ನೆಡು ಎಂದೇ ಎಲ್ಲರೂ ಹೇಳುತ್ತಿದ್ದರು. ಈಗ ಹತ್ತು ಗುಂಟೆಯ ಬೆಳೆ ಕಿತ್ತು, ಒಣಗಿಸಿ, ಮಾರಿಯೂ ಆಗಿದೆ. ಅಷ್ಟೂ ಗಿಡ ಬೀಜದ್ದೇ.

ಬೇರಿನ ತುಂಡು, ಕಾಂಡದ ತುಂಡು ಎರಡನ್ನೂ ಬೀಜದ ಗಿಡದ ಪಕ್ಕದ ಸಾಲಿನಲ್ಲೇ ಹಾಕಿ ನೋಡಿದ್ದೇನೆ. ಬೇರು ನೆಡುವುದೆಂದರೆ ಮಾರುವ ಮಾಲನ್ನೇ ಮಣ್ಣಿಗೆ ಹಾಕಿದ ಹಾಗೆ, ಅದರಲ್ಲೂ ಅರ್ಧದಷ್ಟು ಮಳೆಗೆ ಕೊಳೆಯುತ್ತದೆ. ಗೇಣುದ್ದದ ಕಾಂಡ ಚೆನ್ನಾಗಿಯೇ ಚಿಗುರುತ್ತದೆ, ಆದರೆ ಕಿತ್ತಾಗ ಕೈಗೆ ಬರುವುದು ಬರೀ ಎಳೆಬೇರು. ಬೀಜದ ಗಿಡದಲ್ಲಿ ಮಾತ್ರ ತಾಯಿಬೇರು ನೇರ ಇಳಿಯುತ್ತದೆ. ತೂಕವೆಲ್ಲ ಅದರಲ್ಲೇ.

ಬೀಜ ಕೈಕೊಡುವುದು ಯಾಕೆಂದರೆ ಬಹುಪಾಲು ಬೀಜದ ಗಟ್ಟಿ ಕವಚದೊಳಗೆ ತಿರುಳೇ ಇರುವುದಿಲ್ಲ. ತಿರುಳಿದ್ದದ್ದೂ ಆರೇಳು ತಿಂಗಳಲ್ಲಿ ಜೀವ ಕಳೆದುಕೊಳ್ಳುತ್ತದೆ. ಪೊಟ್ಟಣದಲ್ಲಿ ಬರುವ ಬೀಜದ ವಯಸ್ಸು ಯಾರಿಗೂ ಗೊತ್ತಿರುವುದಿಲ್ಲ, ಬೆಲೆ ಮಾತ್ರ ಕಿಲೋಗೆ ಸಾವಿರಗಟ್ಟಲೆ. ಆ ದುಡ್ಡು ಪೂರ್ತಿ ದಂಡ. ಹಾಗಾಗಿ ಮೊದಲು ಒಂದಿಪ್ಪತ್ತು ತಾಯಿಗಿಡ ಇಟ್ಟುಕೊಳ್ಳಿ. ಹಣ್ಣು ಒಟ್ಟಿಗೆ ಮಾಗುವುದಿಲ್ಲ. ಆಗಸ್ಟ್‌ನಿಂದ ಅಕ್ಟೋಬರ್‌ವರೆಗೆ ವಾರಕ್ಕೆರಡು ಸಲ, ಕಪ್ಪು ನೇರಳೆ ಬಣ್ಣಕ್ಕೆ ತಿರುಗಿದ್ದನ್ನಷ್ಟೇ ಬಿಡಿಸಬೇಕು. ಬಿಟ್ಟರೆ ಹಕ್ಕಿ ತಿನ್ನುತ್ತವೆ, ಇಲ್ಲವೇ ಉದುರುತ್ತದೆ. ಅದೇ ದಿನ ಮರಳು ಸೇರಿಸಿ ಉಜ್ಜಿ ಹಣ್ಣಿನ ಸಿಪ್ಪೆ, ಮೆತ್ತನೆಯ ಭಾಗ ತೊಳೆದು ಬೀಜವನ್ನು ನೀರಿಗೆ ಹಾಕಿ. ತೇಲಿದ್ದನ್ನೆಲ್ಲ ಎಸೆಯಿರಿ. ಅರ್ಧಕ್ಕಿಂತ ಹೆಚ್ಚು ತೇಲಿದರೂ ಮರುಗಬೇಡಿ, ಅವು ಯಾವತ್ತೂ ಹುಟ್ಟುವಂಥವಲ್ಲ. ಮುಳುಗಿದ್ದನ್ನು ಒಂದು ರಾತ್ರಿ ನೆನೆಸಿ ಮರುದಿನವೇ ಮಡಿಗೆ ಹಾಕುತ್ತೇನೆ. ನೆನೆಸುವ ನೀರಿಗೆ ಏನು ಸೇರಿಸುತ್ತೇನೆ ಎಂಬುದು ಸದ್ಯಕ್ಕೆ ನನ್ನಲ್ಲೇ ಇರಲಿ. ಬರೀ ನೀರಲ್ಲೂ ಮೂರರಲ್ಲೊಂದು ಹುಟ್ಟುತ್ತದೆ, ನನ್ನಲ್ಲಿ ಈಗ ಅರ್ಧ ದಾಟುತ್ತಿದೆ.

ಮಡಿ ಎತ್ತರವಿರಲಿ, ಮೂರು ಪಾಲು ಮಣ್ಣಿಗೆ ಒಂದೊಂದು ಪಾಲು ಮರಳು, ಹಳೇ ಕೊಟ್ಟಿಗೆ ಗೊಬ್ಬರ. ಬೀಜ ಬೆರಳಿನ ಅರ್ಧ ಗೆಣ್ಣಿನಷ್ಟು ಆಳಕ್ಕಿದ್ದರೆ ಸಾಕು. ಮೂರನೇ ವಾರದಿಂದ ಮೊಳಕೆ ಶುರುವಾಗಿ ಎರಡು ತಿಂಗಳವರೆಗೂ ಬರುತ್ತಲೇ ಇರುತ್ತದೆ. ತಿಂಗಳಾಯಿತೆಂದು ಮಡಿ ಅಗೆದು ಹಾಕುವವರೇ ಹೆಚ್ಚು. ನಾಲ್ಕಾರು ಎಲೆ ಬಂದಾಗ ಚೀಲಕ್ಕೆ. ಚೀಲ ಅಗಲವಿರುವುದು ಬೇಡ, ಉದ್ದವಿರಲಿ. ಗಿಡ್ಡ ಚೀಲದಲ್ಲಿ ತಾಯಿಬೇರು ತಳಕ್ಕೆ ಬಡಿದು ಸುರುಳಿ ಸುತ್ತುತ್ತದೆ, ಹಾಗೆ ಸುತ್ತಿದ ಬೇರನ್ನು ಕೊಳ್ಳುವವರು ಕೈಯಲ್ಲೂ ಮುಟ್ಟುವುದಿಲ್ಲ. ಚಳಿಗೆ ಸಸಿ ಎಲೆ ಉದುರಿಸಿದರೆ ಸತ್ತಿತೆಂದುಕೊಳ್ಳದೆ ನೀರು ಕೊಡುತ್ತಿರಿ.

ಜೂನ್ ಮೊದಲ ಮಳೆಗೆ ಎರಡಡಿ ಸಾಲು, ಒಂದಡಿ ಅಂತರದಲ್ಲಿ ನಾಟಿ. ಎಕರೆಗೆ ಇಪ್ಪತ್ತೆರಡು ಸಾವಿರದ ಹತ್ತಿರ ಗಿಡ ಹಿಡಿಯುತ್ತದೆ. ನೀರು ನಿಲ್ಲುವ ಜಾಗದಲ್ಲಿ ಒಂದು ಗಿಡವೂ ಉಳಿಯುವುದಿಲ್ಲ. ಬೇರುಗಂಟಿನ ಜಂತುಹುಳು, ಗೊಣ್ಣೆಹುಳು ಎರಡಕ್ಕೂ ನಾಟಿಯಲ್ಲೇ ಬೇವಿನ ಹಿಂಡಿ ಕೊಡುತ್ತೇನೆ. ಬಾಲದ ತುದಿಯಲ್ಲಿ ಕೊಂಬಿರುವ ದಪ್ಪ ಹಸಿರು ಹುಳು ರಾತ್ರಿ ಬೆಳಗಾಗುವುದರೊಳಗೆ ಗಿಡ ಬೋಳು ಮಾಡುತ್ತದೆ. ಅದು ಕಣಗಿಲೆಗೂ ಬೀಳುವ ಹುಳು, ಹಾಗಾಗಿ ಹತ್ತಿರ ಕಣಗಿಲೆ ಬೇಡ. ಕೈಯಲ್ಲಿ ಹೆಕ್ಕಿದರೆ ಸಾಕು.

ಬೀಜಕ್ಕಿಟ್ಟ ಗಿಡ ಬಿಟ್ಟು ಉಳಿದವುಗಳ ಹೂಗೊಂಚಲು ಚಿವುಟಿ. ಹಣ್ಣು ಹೊತ್ತ ಗಿಡದ ಬೇರು ಸಣಕಲು. ಚಿವುಟಿದ ಸಾಲಿಗೂ ಬಿಟ್ಟ ಸಾಲಿಗೂ ತೂಕದಲ್ಲಿ ಕಾಲು ಪಾಲಿನಷ್ಟು ವ್ಯತ್ಯಾಸ ಕಂಡಿದ್ದೇನೆ. ಅಡಿಕೆ ತೋಟದ ನಡುವೆಯೂ ಒಂದಷ್ಟು ಹಾಕಿದ್ದೆ: ಎಲೆ ಸೊಂಪು, ಬೇರು ಪೆನ್ಸಿಲ್ ದಪ್ಪವೂ ಇಲ್ಲ. ತೆಂಗಿನ ಕೆಳಗಿನ ಚದುರಿದ ನೆರಳು ಪರವಾಗಿಲ್ಲ. ಅಲ್ಲಿ ಶುಂಠಿಯ ಜೊತೆ ಬೆಳೆಸುವ ಪ್ರಯೋಗ ಈಗ ನಡೆದಿದೆ.

ಹದಿನೆಂಟು ತಿಂಗಳಿಗೆ, ಅಂದರೆ ಮರುವರ್ಷದ ಡಿಸೆಂಬರ್‌ಗೆ, ಎಲೆ ಉದುರಿದ ಮೇಲೆ ಕೀಳಬೇಕು. ಬೇರಿನಲ್ಲಿ ಸಾರ ತುಂಬಿರುವುದು ಆಗಲೇ. ಹಿಂದಿನ ದಿನ ನೀರು ಹಾಯಿಸಿ ಹಾರೆಯಿಂದ ಒಂದೂವರೆ ಅಡಿ ಆಳ ಸಡಿಲಿಸಿ ಎತ್ತಿ. ತೊಗಟೆ ಸುಲಿಯದ ಹಾಗೆ ನೋಡಿಕೊಳ್ಳಿ. ಮದ್ದಿನ ಗುಣ ಕೊಡುವ ಆ ಸಾರದ, ಅಂದರೆ ಆಲ್ಕಲಾಯ್ಡ್‌ನ, ನೂರಕ್ಕೆ ತೊಂಬತ್ತು ಪಾಲು ಇರುವುದೇ ತೊಗಟೆಯಲ್ಲಿ, ಹಾಗಾಗಿ ತಿಕ್ಕಿ ಬೆಳ್ಳಗೆ ಮಾಡಿದ ಬೇರು ಬರೀ ಕಟ್ಟಿಗೆ. ಬೇಗ ತೊಳೆದು, ಗೇಣುದ್ದ ಕತ್ತರಿಸಿ, ಗಾಳಿಯಾಡುವ ನೆರಳಲ್ಲಿ ಒಣಗಿಸಿ. ಲಟಕ್ಕನೆ ಮುರಿಯಬೇಕು, ಬಾಗಿದರೆ ಇನ್ನೂ ಹಸಿ, ಗೋಣಿಯಲ್ಲಿ ಬೂಸ್ಟು ಹಿಡಿಯುತ್ತದೆ.

ಹತ್ತು ಗುಂಟೆಗೆ ಒಣಬೇರು ಒಂದೂವರೆ ಕ್ವಿಂಟಲ್ ಆಸುಪಾಸು, ಸಿಕ್ಕಿದ್ದು ಕಿಲೋಗೆ ನಾನೂರರ ಹತ್ತಿರ. ದೊಡ್ಡ ಖರ್ಚು ಕೀಳುವ ಕೂಲಿ, ಹದಿಮೂರು ಹದಿನಾಲ್ಕು ಸಾವಿರ. ಚೀಲ, ಗೊಬ್ಬರ, ನೀರು, ಕಳೆಗೆ ಹೆಚ್ಚುಕಡಿಮೆ ಅಷ್ಟೇ. ಮೂವತ್ತು ಸಾವಿರದ ಮೇಲೆ ಉಳಿಯಿತು. ಬೇರಿನ ತುಂಡು ನೆಟ್ಟವರಲ್ಲಿ ಇಷ್ಟು ಉಳಿಸಿದವರನ್ನು ನಾನಿನ್ನೂ ನೋಡಿಲ್ಲ.

ಬಳಕೆಯ ಬಗ್ಗೆ ಕೇಳುವವರಿಗೆ: ನಿದ್ದೆಗೇಡು, ಬುದ್ಧಿಭ್ರಮೆ, ಹಾವಿನ ವಿಷಕ್ಕೆ ಇದರ ಬೇರು ಕೊಡುವುದು ಹಳೆಯ ಪದ್ಧತಿ. 1931ರಲ್ಲಿ ವೈದ್ಯರಾದ ಗಣನಾಥ ಸೇನ್ ಮತ್ತು ಕಾರ್ತಿಕ್ ಚಂದ್ರ ಬೋಸ್ ರಕ್ತದೊತ್ತಡ, ಉನ್ಮಾದಗಳಲ್ಲಿ ಇದರ ಗುಣವನ್ನು ಬರೆದಿಟ್ಟರು. 1949ರಲ್ಲಿ ಮುಂಬಯಿಯ ವೈದ್ಯ ರುಸ್ತಂ ಜಾಲ್ ವಕೀಲ್ ರಕ್ತದೊತ್ತಡಕ್ಕೆ ಇದನ್ನು ಕೊಟ್ಟು ಕಂಡದ್ದನ್ನು ಬ್ರಿಟಿಷ್ ಹೃದ್ರೋಗ ಪತ್ರಿಕೆಯಲ್ಲಿ ಪ್ರಕಟಿಸಿದರು. 1952ರಲ್ಲಿ ಬೇರಿನ ಮುಖ್ಯ ಆಲ್ಕಲಾಯ್ಡ್ ಆದ ರೆಸರ್ಪಿನ್ ಅನ್ನು ಬೇರ್ಪಡಿಸಿದರು. ಮನೆಯಲ್ಲಿ ತೇಯ್ದು ಕುಡಿಯುವ ಬೇರು ಇದಲ್ಲ. ಪ್ರಮಾಣ ತಪ್ಪಿದರೆ ರಕ್ತದೊತ್ತಡ ಕುಸಿಯುತ್ತದೆ, ಮನಸ್ಸು ಖಿನ್ನತೆಗೆ ಇಳಿಯುತ್ತದೆ. ಹಾವು ಕಚ್ಚಿದರೆ ಆಸ್ಪತ್ರೆಯ ಪ್ರತಿವಿಷವೇ ಮದ್ದು.

ತಾಯಿಗಿಡ ತರುವಾಗ ಇದನ್ನೇ ಹೋಲುವ ದೊಡ್ಡಚಂದ್ರಿಕೆ ತರಬೇಡಿ. ಅದರಲ್ಲಿ ಗೆಣ್ಣಿಗೆ ನಾಲ್ಕು ಎಲೆ, ಒಂದೊಂದೂ ಒಂದೊಂದು ಅಳತೆ. ಸರ್ಪಗಂಧದಲ್ಲಿ ಸಾಮಾನ್ಯವಾಗಿ ಮೂರು, ಹೂವಿನ ತೊಟ್ಟು ಕೆಂಪು. ಕಾಡಿನಿಂದ ಕೀಳುವ ಯೋಚನೆಯೂ ಬೇಡ. ಅಳಿವಿನ ಅಪಾಯದ ಗಿಡ, ಪ್ರಾಣಿಗಳ ವಿದೇಶಿ ವ್ಯಾಪಾರಕ್ಕೆ ಕಡಿವಾಣ ಹಾಕುವ ಸೈಟಿಸ್ ಎಂಬ ಅಂತರರಾಷ್ಟ್ರೀಯ ಒಪ್ಪಂದದ ಎರಡನೇ ಪಟ್ಟಿಯಲ್ಲಿ ಇದು 1990ರಿಂದ ಇದೆ. ನಾಟಿ ಮಾಡಿದ ವರ್ಷವೇ ಪಹಣಿಯಲ್ಲಿ ಬೆಳೆ ನಮೂದಿಸಿಕೊಳ್ಳಿ. ಬೆಳೆಸಿದ್ದೆಂಬ ದಾಖಲೆಯಿಲ್ಲದ ಬೇರಿಗೆ ಒಳ್ಳೆಯ ಗಿರಾಕಿ ಬರುವುದಿಲ್ಲ.