‘ಡಿಎಲ್‌ಎಲ್ ಸಿಗುತ್ತಿಲ್ಲ’ ಅಂದಾಗ ಏನು ಮಾಡಬೇಕು?

ಬಸವ ಜಯಂತಿ ಹತ್ತಿರ ಬಂತೆಂದರೆ ಗದಗಿನ ಪ್ರೆಸ್ಸುಗಳಲ್ಲಿ ಯಾರಿಗೂ ಪುರುಸೊತ್ತಿರುವುದಿಲ್ಲ. ಮುದ್ರಣ ಕಾಶಿ ಅಂತ ಸುಮ್ನೆ ಕರೆಯುವುದಿಲ್ಲ ಈ ಊರನ್ನು. ಎಲ್ಲಿ ನೋಡಿದರೂ ಮದುವೆ ಕಾರ್ಡಿನ ಕಟ್ಟು. ಅಂಥದೇ ಒಂದು ಸಂಜೆ ಬೆಟಗೇರಿ ಕಡೆಯ ಪ್ರೆಸ್ಸಿನ ಮಾಲೀಕರೊಬ್ಬರು ಫೋನ್ ಮಾಡಿದರು. “ಅಣ್ಣಾರ, ಡಿಸೈನ್ ಸಾಫ್ಟ್‌ವೇರ್ ಓಪನ್ ಆಗವಲ್ದು. ಏನೋ ಡಿಎಲ್‌ಎಲ್ ಇಲ್ಲಂತ ಬರಾಕತ್ತೈತಿ. ನಾಳೆ ಮುಂಜಾನೆ ಕಾರ್ಡ್ ಕೊಡಬೇಕ್ರಿ, ಲಗೂನ ಬರ್ರಿ.”

ಹೋಗಿ ನೋಡಿದೆ. ‘ಎಂಎಸ್‌ವಿಸಿಪಿ140.ಡಿಎಲ್‌ಎಲ್ ಸಿಗಲಿಲ್ಲ, ಹಾಗಾಗಿ ಮುಂದೆ ಹೋಗಲು ಆಗದು, ಪ್ರೋಗ್ರಾಂ ಮತ್ತೆ ಹಾಕಿದರೆ ಸರಿಹೋಗಬಹುದು’ ಎಂಬ ಅರ್ಥದ ಪುಟ್ಟ ಬಾಕ್ಸ್. ಕಂಪ್ಯೂಟರ್ ಇಷ್ಟು ನೇರವಾಗಿ ಮಾತಾಡುವುದು ಅಪರೂಪ. ಆದರೆ ನಾವು ಓದುವುದಿಲ್ಲ, ‘ಓಕೆ’ ಒತ್ತಿ ಮುಚ್ಚಿಬಿಡುತ್ತೇವೆ. ಇಂಥ ಬಾಕ್ಸ್ ಬಂದಾಗ ಮೊದಲ ಕೆಲಸ, ಮೊಬೈಲಿನಲ್ಲಿ ಅದರ ಫೋಟೊ ತೆಗೆದುಕೊಳ್ಳುವುದು. ಫೈಲಿನ ಹೆಸರಿನಲ್ಲೇ ಮುಕ್ಕಾಲು ಉತ್ತರ ಇರುತ್ತದೆ.

ಗುಡಿಯ ಭಾಂಡೆ ಇದ್ದಂತೆ

ನಮ್ಮ ಕಡೆಯ ಹಳ್ಳಿಗಳಲ್ಲಿ ದೊಡ್ಡ ಹಂಡೆ, ಕೊಪ್ಪರಿಗೆ, ಜಮಖಾನೆ ಗುಡಿಯಲ್ಲೋ ಮಠದಲ್ಲೋ ಇರುತ್ತವೆ. ಮದುವೆ ಇದ್ದವರು ಒಯ್ಯುತ್ತಾರೆ, ತೊಳೆದು ತಂದಿಡುತ್ತಾರೆ. ಮನೆಗೊಂದು ಕೊಪ್ಪರಿಗೆ ಯಾಕೆ ಬೇಕು, ಅಲ್ವಾ? ಡಿಎಲ್‌ಎಲ್ ಅಂದರೆ ಇದೇ. ಲೆಕ್ಕ ಮಾಡುವುದು, ಅಕ್ಷರ ಜೋಡಿಸುವುದು, ಪರದೆಯ ಮೇಲೆ ಕಿಟಕಿ ತೆರೆಯುವುದು ಎಲ್ಲ ಪ್ರೋಗ್ರಾಂಗೂ ಬೇಕಾದ ಕೆಲಸಗಳು. ಅವುಗಳನ್ನು ಬೇರೆ ಫೈಲುಗಳಲ್ಲಿ ಬರೆದು ಒಂದು ಕಡೆ ಇಟ್ಟಿರುತ್ತಾರೆ. ಬೇಕಾದ ಪ್ರೋಗ್ರಾಂ ಅಲ್ಲಿಂದ ತೆಗೆದುಕೊಳ್ಳುತ್ತದೆ. 1985ರಲ್ಲಿ ಬಂದ ಮೊದಲ ವಿಂಡೋಸ್‌ನಿಂದಲೇ ಈ ಪದ್ಧತಿ ಇದೆ. ಅದು 256 ಕೆಬಿ ಮೆಮೊರಿಯಲ್ಲಿ ಓಡುತ್ತಿತ್ತು. ಇವತ್ತು ನಿಮ್ಮ ಮೊಬೈಲಿನ ಒಂದು ಫೋಟೊ ಅದಕ್ಕಿಂತ ಎಷ್ಟೋ ದೊಡ್ಡದು. ಹಂಚಿಕೊಂಡು ಬಾಳದೆ ಬೇರೆ ದಾರಿಯೇ ಇರಲಿಲ್ಲ. ಲಿನಕ್ಸ್‌ನಲ್ಲಿ ಇಂಥ ಫೈಲಿಗೆ ‘.ಎಸ್‌ಒ’ ಬಾಲ, ಮ್ಯಾಕ್‌ನಲ್ಲಿ ‘.ಡೈಲಿಬ್’.

ಪ್ರೋಗ್ರಾಂಗೆ ಹೊಸ ಸೌಲಭ್ಯ ಸೇರಿಸುವ ಪ್ಲಗ್‌ಇನ್ ಕೂಡ ಇದೇ ಜಾತಿಯದು. ಫೋಟೊಶಾಪಿನ ಫಿಲ್ಟರುಗಳಿಗೆ ‘.8ಬಿಎಫ್’ ಅಂತ ಹೆಸರಿದ್ದರೂ ಒಳಗಿರುವುದು ಡಿಎಲ್‌ಎಲ್‌ನೇ. ಒಂದು ವ್ಯತ್ಯಾಸ ಮಾತ್ರ ನೆನಪಿಡಿ. ಡಿಎಲ್‌ಎಲ್ ಇಲ್ಲದಿದ್ದರೆ ಪ್ರೋಗ್ರಾಂ ಏಳುವುದೇ ಇಲ್ಲ. ಪ್ಲಗ್‌ಇನ್ ಇಲ್ಲದಿದ್ದರೆ ಏಳುತ್ತದೆ, ಮೆನುವಿನಲ್ಲಿ ಒಂದು ಸಾಲು ಮಾತ್ರ ಕಾಣೆಯಾಗಿರುತ್ತದೆ.

ಹೆಸರು ಓದುವುದು ಹೇಗೆ

ಎಂಎಸ್‌ವಿಸಿಪಿ, ಎಂಎಸ್‌ವಿಸಿಆರ್, ವಿಸಿರನ್‌ಟೈಮ್ ಅಂತ ಶುರುವಾದರೆ ಅದು ಮೈಕ್ರೊಸಾಫ್ಟ್‌ನ ವಿಷುವಲ್ ಸಿ++ (ಪ್ರೋಗ್ರಾಂ ಬರೆಯುವ ಸಾಧನ) ಕಟ್ಟಿಗೆ ಸೇರಿದ್ದು. ಕೊನೆಯ ಅಂಕಿ ಯಾವ ವರ್ಷದ ಕಟ್ಟು ಅಂತ ಹೇಳುತ್ತದೆ. 100 ಇದ್ದರೆ 2010ರದು, 110 ಇದ್ದರೆ 2012ರದು, 120 ಇದ್ದರೆ 2013ರದು. 140 ಇದ್ದರೆ 2015 ಮತ್ತು ಅದರ ನಂತರದ್ದು. 2017, 2019, 2022 ಎಲ್ಲಕ್ಕೂ ಅದೇ 140. ಅಂಕಿ ಬೇರೆಯಾದರೆ ಒಂದು ಕಟ್ಟು ಇನ್ನೊಂದರ ಬದಲಿಗೆ ಬರುವುದಿಲ್ಲ. 2013ರದನ್ನು ಕೇಳುವ ಪ್ರೋಗ್ರಾಂಗೆ 2022ರದು ಇದೆ ಅಂದರೆ ನಡೆಯುವುದಿಲ್ಲ. 2005 ಮತ್ತು 2008ರ ಕಟ್ಟು ಇಲ್ಲದಿದ್ದರೆ ಎಷ್ಟೋ ಸಲ ಫೈಲಿನ ಹೆಸರೇ ಬರುವುದಿಲ್ಲ, ‘ಸೈಡ್-ಬೈ-ಸೈಡ್ ಕಾನ್ಫಿಗರೇಶನ್ ತಪ್ಪಾಗಿದೆ’ ಎಂಬ ಸಂದೇಶ ಬರುತ್ತದೆ.

‘ಡಿ3ಡಿಎಕ್ಸ್9’ ಅಂತಿದ್ದರೆ ಅದು ಆಟಗಳಿಗೆ ಬೇಕಾಗುವ ಹಳೆಯ ಡೈರೆಕ್ಟ್‌ಎಕ್ಸ್ ಫೈಲು. ಕಂಪ್ಯೂಟರಿನಲ್ಲಿ ಡೈರೆಕ್ಟ್‌ಎಕ್ಸ್ 12 ಇದ್ದರೂ ಇದನ್ನು ಬೇರೆಯಾಗಿ ಹಾಕಬೇಕು. ‘ಎಂಎಸ್‌ಕಾಮ್‌ಸಿಟಿಎಲ್.ಓಸಿಎಕ್ಸ್’ ಅಂತ ಬಂದರೆ ಅಂಗಡಿಯಲ್ಲಿ ಯಾರೋ ವಿಷುವಲ್ ಬೇಸಿಕ್ 6ರಲ್ಲಿ ಬರೆದುಕೊಟ್ಟ ಹಳೆಯ ಬಿಲ್ಲಿಂಗ್ ಪ್ರೋಗ್ರಾಂ ಇದೆ ಅಂತ ಲೆಕ್ಕ. ಇಂಥ ಫೈಲನ್ನು ಸುಮ್ನೆ ಇಟ್ಟರೆ ಸಾಲದು, ವಿಂಡೋಸ್‌ನಲ್ಲಿ ನೋಂದಾಯಿಸಬೇಕು. ಬಿಲ್ಲಿಂಗ್ ಪ್ರೋಗ್ರಾಂನ ಸೆಟಪ್ ಸಿಡಿ ಇದ್ದರೆ ಅದೇ ಆ ಕೆಲಸ ಮಾಡುತ್ತದೆ. ಸಿಡಿ ಎಲ್ಲಿದೆ ಎಂಬುದು ಬೇರೆ ಕತೆ.

ಇನ್ನೊಂದು ಗಮ್ಮತ್ತು ಇದೆ. ‘ಎಂಎಸ್‌ವಿಸಿಪಿ140ಡಿ’ ಅಂತ ಕೊನೆಗೆ ‘ಡಿ’ ಇದ್ದರೆ ತಪ್ಪು ನಿಮ್ಮದಲ್ಲ, ಬರೆದವನದು. ಆತ ಪರೀಕ್ಷೆಗೆಂದು ಮಾಡಿಕೊಂಡ ಡೀಬಗ್ ಪ್ರತಿಯನ್ನೇ ನಿಮಗೆ ಕೊಟ್ಟಿದ್ದಾನೆ. ಹುಬ್ಬಳ್ಳಿಯಲ್ಲಿ ಓದುವ ನನ್ನ ಅಕ್ಕನ ಮಗನ ಕಾಲೇಜು ಪ್ರಾಜೆಕ್ಟ್ ಅವನ ಲ್ಯಾಪ್‌ಟಾಪಿನಲ್ಲಿ ಓಡಿ, ಪರೀಕ್ಷೆಯ ದಿನ ಲ್ಯಾಬಿನ ಕಂಪ್ಯೂಟರಿನಲ್ಲಿ ನಿಂತದ್ದು ಇದೇ ಕಾರಣಕ್ಕೆ. ‘ರಿಲೀಸ್’ ಆರಿಸಿ ಮತ್ತೆ ಬಿಲ್ಡ್ ಮಾಡಿದ, ಮುಗಿಯಿತು.

ಮಾಡಬಾರದ ಕೆಲಸ

ನಾನು ಪ್ರೆಸ್ಸಿಗೆ ಮುಟ್ಟುವ ಮೊದಲೇ ಅಲ್ಲಿನ ಆಪರೇಟರ್ ಹುಡುಗ ಒಂದು ಪ್ರಯೋಗ ಮುಗಿಸಿದ್ದ. ಫೈಲಿನ ಹೆಸರನ್ನು ಗೂಗಲ್‌ನಲ್ಲಿ ಹುಡುಕಿ, ಮೊದಲು ಸಿಕ್ಕ ಜಾಗದಿಂದ ಅದೊಂದೇ ಫೈಲನ್ನು ಇಳಿಸಿ ‘ಸಿಸ್ಟಂ32’ ಫೋಲ್ಡರಿಗೆ ಹಾಕಿದ್ದ. “ಮೊದಲಿನ ಬಾಕ್ಸ್ ಹೋತ್ರಿ ಸರ್” ಅಂತ ಖುಷಿಯಿಂದ ಹೇಳಿದ. ಹೌದು, ಹೋಗಿತ್ತು. ಅದರ ಜಾಗದಲ್ಲಿ ‘0ಎಕ್ಸ್‌ಸಿ000007ಬಿ’ ಎಂಬ ಹೊಸ ಬಾಕ್ಸ್ ಬಂದು ಕುಂತಿತ್ತು. ಜೊತೆಗೆ ಬ್ರೌಸರಿನಲ್ಲಿ ಯಾರೂ ಕರೆಯದ ಜಾಹೀರಾತುಗಳು.

ಆ ನಂಬರ್ ಬಂತೆಂದರೆ ಹೆಚ್ಚಾಗಿ 32 ಬಿಟ್ ಮತ್ತು 64 ಬಿಟ್ ಕಲಸಿಹೋಗಿದೆ ಎಂದರ್ಥ. 32 ಬಿಟ್ ಹಳೆಯ ಮಾದರಿ, 64 ಬಿಟ್ ಹೊಸದು; ಒಂದರ ಡಿಎಲ್‌ಎಲ್ ಇನ್ನೊಂದರ ಪ್ರೋಗ್ರಾಂಗೆ ಕೂಡುವುದಿಲ್ಲ. ಇಲ್ಲಿ ವಿಂಡೋಸ್ ಒಂದು ವಿಚಿತ್ರ ಮಾಡಿಟ್ಟಿದೆ. 64 ಬಿಟ್ ವಿಂಡೋಸ್‌ನಲ್ಲಿ ‘ಸಿಸ್ಟಂ32’ ಅಂತ ಹೆಸರಿರುವ ಫೋಲ್ಡರಿನಲ್ಲಿ 64 ಬಿಟ್ ಫೈಲುಗಳಿರುತ್ತವೆ. 32 ಬಿಟ್ ಫೈಲುಗಳು ಇರುವುದು ‘ಸಿಸ್‌ವಾವ್64’ರಲ್ಲಿ. ಹಳೆಯ ಪ್ರೋಗ್ರಾಂಗಳು ಕೆಡಬಾರದೆಂದು ಹೀಗೆ ಮಾಡಿದರು. ನಮ್ಮ ಹುಡುಗ 32 ಬಿಟ್ ಫೈಲನ್ನು ಹೆಸರು ನೋಡಿ ಸರಿಯಾದ ಜಾಗಕ್ಕೇ ಹಾಕಿದ್ದ, ಅಂದರೆ ತಪ್ಪು ಜಾಗಕ್ಕೆ. ಸಣ್ಣ ಹಂಡೆಯ ಮುಚ್ಚಳ ದೊಡ್ಡ ಹಂಡೆಗೆ ಹಾಕಿದಂತಾಯಿತು.

ಬಿಡಿ ಫೈಲು ಹಂಚುವ ತಾಣಗಳ ಕಡೆ ಹೋಗಲೇಬೇಡಿ. ಆ ಫೈಲಿನೊಳಗೆ ಏನು ಸೇರಿಸಿದ್ದಾರೋ ಯಾರಿಗೆ ಗೊತ್ತು? ಬಂದ ಫೈಲು ಸಾಚಾ ಆಗಿದ್ದರೂ ಅದರ ಜೊತೆಯವು ನಾಲ್ಕು ಬೇರೆ ಕಾಣೆಯಾಗಿರುತ್ತವೆ. ಒಂದೊಂದೇ ಹುಡುಕುತ್ತ ಕೂತರೆ ಬೆಳಗಾಗುತ್ತದೆ.

ಸರಿಯಾದ ದಾರಿ

ಹುಡುಗ ಹಾಕಿದ್ದ ಫೈಲನ್ನು ಮೊದಲು ತೆಗೆದೆ. ಆಮೇಲೆ ಮೈಕ್ರೊಸಾಫ್ಟ್‌ನ ಸ್ವಂತ ತಾಣದಿಂದ ‘ವಿಷುವಲ್ ಸಿ++ ರೀಡಿಸ್ಟ್ರಿಬ್ಯೂಟೆಬಲ್’, ಅಂದರೆ ಮೇಲೆ ಹೇಳಿದ ಕಟ್ಟನ್ನೇ, ಇಳಿಸಿದೆ. ದುಡ್ಡು ಕೊಡಬೇಕಿಲ್ಲ. ಅದರಲ್ಲಿ ‘ಎಕ್ಸ್86’ (32 ಬಿಟ್) ಮತ್ತು ‘ಎಕ್ಸ್64’ (64 ಬಿಟ್) ಅಂತ ಎರಡು ಇರುತ್ತವೆ. ಎರಡನ್ನೂ ಹಾಕಿ. ವಿಂಡೋಸ್ 64 ಬಿಟ್ ಇದ್ದರೂ ಹಳೆಯ ಪ್ರೋಗ್ರಾಂ ಕೇಳುವುದು ಎಕ್ಸ್86. ಇದನ್ನು ಬಿಡುವವರೇ ಜಾಸ್ತಿ. ಮೊದಲೇ ಇದೆ ಅಂತ ಹೇಳಿದರೆ ‘ರಿಪೇರ್’ ಒತ್ತಿ. ಮುಗಿದ ಮೇಲೆ ಕಂಪ್ಯೂಟರ್ ರೀಸ್ಟಾರ್ಟ್ ಮಾಡಿ.

ಕಾಣೆಯಾದ ಫೈಲು ವಿಷುವಲ್ ಸಿ++ನದಲ್ಲ, ಆ ಪ್ರೋಗ್ರಾಂನದ್ದೇ ಎಂದಾದರೆ ಪ್ರೋಗ್ರಾಂ ತೆಗೆದು ಮತ್ತೆ ಹಾಕುವುದೇ ಮದ್ದು. ಆದರೆ ಅದಕ್ಕೂ ಮೊದಲು ‘ವಿಂಡೋಸ್ ಸೆಕ್ಯೂರಿಟಿ’ಗೆ ಹೋಗಿ ‘ಪ್ರೊಟೆಕ್ಷನ್ ಹಿಸ್ಟರಿ’ ನೋಡಿ. ಆಂಟಿವೈರಸ್ ಅದನ್ನು ಹಿಡಿದು ಒಳಗೆ ಹಾಕಿರಬಹುದು. ನಮ್ಮ ಕಡೆ ನಕಲಿ ಸಾಫ್ಟ್‌ವೇರ್ ಎಷ್ಟಿದೆ ಅಂತ ಬಿಡಿಸಿ ಹೇಳಬೇಕಿಲ್ಲ. ಲೈಸೆನ್ಸ್ ಮುರಿಯಲು ತಿದ್ದುವುದು ಎಷ್ಟೋ ಸಲ ಡಿಎಲ್‌ಎಲ್‌ನ್ನೇ. ಆಂಟಿವೈರಸ್ ನುಂಗುವುದೂ ಅದನ್ನೇ. ಅಂಥದನ್ನು ವಾಪಸ್ ಬಿಡಿಸಿಕೊಡಿ ಅಂತ ಬಹಳ ಜನ ಕೇಳುತ್ತಾರೆ. ನಾನು ಮಾಡುವುದಿಲ್ಲ. ಗಿರಾಕಿಗಳ ಫೈಲು ತುಂಬಿದ ಕಂಪ್ಯೂಟರ್ ಅದು.

ಫೈಲು ವಿಂಡೋಸ್‌ನದ್ದೇ ಆಗಿದ್ದರೆ ಕಮಾಂಡ್ ಪ್ರಾಂಪ್ಟನ್ನು (ಆದೇಶ ಟೈಪ್ ಮಾಡುವ ಕಿಟಕಿ) ‘ರನ್ ಆ್ಯಸ್ ಅಡ್ಮಿನಿಸ್ಟ್ರೇಟರ್’ ಮೂಲಕ ತೆರೆಯಿರಿ. ಇಂಗ್ಲಿಷ್ ಅಕ್ಷರಗಳಲ್ಲಿ ‘ಡಿಐಎಸ್‌ಎಂ /ಆನ್‌ಲೈನ್ /ಕ್ಲೀನಪ್-ಇಮೇಜ್ /ರೀಸ್ಟೋರ್‌ಹೆಲ್ತ್’ ಅಂತ ಟೈಪ್ ಮಾಡಿ. ಓರೆಗೆರೆಯ ಮುಂಚೆ ಜಾಗ ಬಿಡಬೇಕು, ನಂತರ ಬಿಡಬಾರದು. ಇದಕ್ಕೆ ಇಂಟರ್‌ನೆಟ್ ಬೇಕು. ಅದು ಮುಗಿದ ಮೇಲೆ ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’. ಮೊದಲನೆಯದು ವಿಂಡೋಸ್ ತನ್ನೊಳಗೆ ಇಟ್ಟುಕೊಂಡ ಮೂಲ ಪ್ರತಿಗಳನ್ನು ಸರಿಮಾಡುತ್ತದೆ, ಎರಡನೆಯದು ಕೆಟ್ಟ ಫೈಲಿನ ಜಾಗಕ್ಕೆ ಆ ಪ್ರತಿ ತಂದಿಡುತ್ತದೆ. ನಡುವೆ ಶೇಕಡಾವಾರು ಒಂದೇ ಕಡೆ ನಿಂತಂತೆ ಕಾಣುತ್ತದೆ. ಕಿಟಕಿ ಮುಚ್ಚಬೇಡಿ, ಚಹಾ ಕುಡಿದು ಬನ್ನಿ.

ಅಂದಹಾಗೆ, ಪ್ರೆಸ್ಸಿನಲ್ಲಿ ಆ ಫೈಲು ಕಾಣೆಯಾದದ್ದು ಹೇಗೆ? ಕಂಪ್ಯೂಟರ್ ಸ್ಲೋ ಆಗಿದೆ ಅಂತ ಮಾಲೀಕರೇ ಹಿಂದಿನ ದಿನ ‘ಬೇಡದ’ ಪ್ರೋಗ್ರಾಂ ತೆಗೆದಿದ್ದರು. ಪಟ್ಟಿಯಲ್ಲಿ ವಿಷುವಲ್ ಸಿ++ ಅಂತ ಹತ್ತು ಹನ್ನೊಂದು ಸಾಲು ಕಂಡವಂತೆ. “ಒಂದ ಹೆಸರಿಂದು ಇಷ್ಟ್ಯಾಕ ಬೇಕ್ರಿ ಅಂತ ಎಲ್ಲಾ ತಗದ್ನಿ” ಅಂದರು. ಗುಡಿಯ ಕೊಪ್ಪರಿಗೆ ವರ್ಷವಿಡೀ ಮಕಾಡೆ ಬಿದ್ದಿರುತ್ತದೆ ಅಂತ ಗುಜರಿಗೆ ಹಾಕಿದ ಹಾಗೆ. ಆ ಸಾಲುಗಳನ್ನು ಇದ್ದ ಹಾಗೇ ಬಿಡಿ, ಅವುಗಳಿಂದ ಕಂಪ್ಯೂಟರ್ ಸ್ಲೋ ಆಗುವುದಿಲ್ಲ.

ಇಪ್ಪತ್ತು ನಿಮಿಷದಲ್ಲಿ ಸಾಫ್ಟ್‌ವೇರ್ ಎದ್ದಿತು, ರಾತ್ರಿ ಕಾರ್ಡ್ ಮಷಿನ್ನಿಗೆ ಹೋಯಿತು. ಒಂದು ಫಿಲ್ಟರ್ ಮಾತ್ರ ಮೆನುವಿಗೆ ಬರಲೇ ಇಲ್ಲ. ಅದು 32 ಬಿಟ್ ಪ್ಲಗ್‌ಇನ್, ಈಗಿನ ಪ್ರೋಗ್ರಾಂ 64 ಬಿಟ್. ಅದನ್ನು ಮಾಡಿದವರು ಹೊಸದು ತಂದಿಲ್ಲ, ಫೋಲ್ಡರ್ ಬದಲಿಸಿದರೂ ಬರುವುದಿಲ್ಲ. ಆದರೆ ಹಳೆಯ ಗಿರಾಕಿಗಳಿಗೆ ಅಕ್ಷರದ ಸುತ್ತ ಅದೇ ಬಂಗಾರದ ಅಂಚು ಬೇಕು. ಅದಕ್ಕೆಂದೇ ಮಾಲೀಕರು ಇನ್ನೂ ಒಂದು ಹಳೆಯ ಕಂಪ್ಯೂಟರನ್ನು ಮೂಲೆಯಲ್ಲಿ ಇಟ್ಟುಕೊಂಡಿದ್ದಾರೆ, ಇಂಟರ್‌ನೆಟ್ ವಾಯರ್ ಕಿತ್ತು, ಮೇಲೊಂದು ಟವೆಲ್ ಹೊದಿಸಿ.