ಗುಡ್ಡೆಯ ಕೇಪಳ ಕಡೆಗೂ ಗೆಲ್ಲಿನಿಂದ ಬಂತು

ಚೌತಿ ಕಳೆದ ಮೇಲೆ ಊರಿದ ಕೇಪಳದ ಸುಮಾರು 200 ಗೆಲ್ಲುಗಳಲ್ಲಿ (ಕೊಂಬೆಯ ತುಂಡುಗಳಲ್ಲಿ) 130ಕ್ಕಿಂತ ಜಾಸ್ತಿ ಬೇರು ಬಿಟ್ಟಿವೆ. ನರ್ಸರಿಯ ಗುಂಡು ಎಸಳಿನ ಹೈಬ್ರಿಡ್ ಅಲ್ಲ. ಕರಾವಳಿಯ ಪದವುಗಳಲ್ಲಿ (ಗುಡ್ಡೆಯ ಮೇಲಿನ ಬಯಲುಗಳಲ್ಲಿ), ಮುರಕಲ್ಲಿನ ಅಂದರೆ ಕೆಂಪುಕಲ್ಲಿನ ಸಂದಿಯಲ್ಲಿ ತಾನಾಗಿ ಹುಟ್ಟುವ, ಕೆಂಪು ಗೊಂಚಲು ಹೂವಿನ ಕಾಡು ಕೇಪಳ. ಕುಂದಾಪುರ ಕಡೆಯವರು ಕಿಸ್ಕಾರ ಅನ್ನುತ್ತಾರಲ್ವಾ, ಅದೇ. "ಗುಡ್ಡೆಯದ್ದು ಗುಡ್ಡೆಯಲ್ಲೇ ಚಂದ, ಮನೆಗೆ ತಂದರೆ ಉಳಿಯುವುದಿಲ್ಲ ಮಗಾ" ಅಂತ ದೊಡ್ಡಮ್ಮ ಹೇಳಿದ್ದರು. ಈಗ ಅವರ ಬಾವಿಕಟ್ಟೆಯ ಹತ್ತಿರ ನಾನು ಕೊಟ್ಟ ಎರಡು ಗಿಡ ಹೂ ಬಿಟ್ಟಿವೆ.

ಶುರು ಮಾಡಿದ್ದು 2017ರ ಮಳೆಗಾಲದಲ್ಲಿ. ಪಿಕ್ಕಾಸು ಹಿಡಿದು ಗುಡ್ಡೆಯಿಂದಲೇ 25 ಗಿಡ ಕಿತ್ತು ತಂದೆ. ಗಿಡ ಮೊಣಕಾಲೆತ್ತರ, ಬೇರು ಮಾತ್ರ ಕಲ್ಲಿನ ಬಿರುಕಲ್ಲಿ ಎಲ್ಲಿಗೋ ಇಳಿದಿತ್ತು. ಬಂದದ್ದು ಅರ್ಧ ಬೇರು. ತಿಂಗಳೊಳಗೆ ಎಲ್ಲವೂ ಒಣಗಿದವು. ಆಳಿನ ಕೂಲಿ, ಆಟೋ ಬಾಡಿಗೆ ಸೇರಿ ಸಾವಿರದೈನೂರು ಹೋಯಿತು. ಅದಕ್ಕಿಂತ, ಬದುಕಿದ್ದ ಗಿಡಗಳನ್ನು ಕೊಂದೆನಲ್ಲ ಅನ್ನುವ ಸಂಕಟ ಇನ್ನೂ ಇದೆ. ಆಮೇಲೆ ಗುಡ್ಡೆಯಲ್ಲಿ ಒಂದು ಗಿಡವನ್ನೂ ಕಿತ್ತಿಲ್ಲ. ದಯವಿಟ್ಟು ನೀವೂ ಕೀಳಬೇಡಿ.

ಮುಂದಿನ ವರ್ಷ ಬೀಜ. ಕಪ್ಪಾಗಿ ಹಣ್ಣಾದದ್ದನ್ನು ತಂದು, ಬೆಂಡೆ ಬೀಜದ ಹಾಗೆ ಬಿಸಿಲಲ್ಲಿ ಒಣಗಿಸಿ ಡಬ್ಬಿಯಲ್ಲಿಟ್ಟೆ. ಮಳೆ ಬಂದಾಗ ಹಾಕಿದರೆ ಒಂದೂ ಹುಟ್ಟಲಿಲ್ಲ. ಅದರ ಮುಂದಿನ ಸಲ ಹಣ್ಣು ತಂದ ದಿನವೇ ತಿರುಳು ತೊಳೆದು ಹಾಕಿದೆ. ಎರಡು ತಿಂಗಳು ಕಾಯಿಸಿ, ನೂರಕ್ಕೆ ಮೂವತ್ತರಷ್ಟು ಬಂದವು. ಆದರೆ ಅವು ಮೊದಲ ಹೂ ತೋರಿಸಿದ್ದು ಮೂರು ವರ್ಷದ ಮೇಲೆ. ಮಾರುವವನಿಗೆ ಅಷ್ಟು ತಾಳ್ಮೆ ಇದ್ದರೂ ದುಡ್ಡಿಗೆ ಇರುವುದಿಲ್ಲ.

ಗೆಲ್ಲಿನಲ್ಲಿ ನಾನು ಮಾಡಿದ ದೊಡ್ಡ ತಪ್ಪು ಕಾಲದ್ದು. ದಾಸವಾಳ ಊರುವ ಹಾಗೆ ಜೂನ್ ಮೊದಲ ಮಳೆಗೇ ಊರುತ್ತಿದ್ದೆ. ಬುಡ ಕಪ್ಪಾಗಿ ಕೊಳೆಯುತ್ತಿತ್ತು. ಒಂದು ಕಡೆಯಿಂದ 600 ರೂಪಾಯಿ ಕೊಟ್ಟು ಸಿದ್ಧ ಮಿಶ್ರಣದ ಚೀಲ ತಂದೆ. ಅದರಲ್ಲೂ ಕೊಳೆಯಿತು. ಸುಡುಮಣ್ಣು ಹಾಕಿದೆ, ಚಿಗುರು ಬರುವ ಮೊದಲೇ ಎಲೆ ಹಳದಿಯಾಯಿತು. ಸುಡುಮಣ್ಣಿನಲ್ಲಿ ಬೂದಿ ಜಾಸ್ತಿ, ಅದು ಕ್ಷಾರ. ಕೇಪಳಕ್ಕೆ ಬೇಕಾದದ್ದು ಹುಳಿ (ಆಮ್ಲೀಯ) ಮಣ್ಣು.

ದಾರಿ ಸಿಕ್ಕಿದ್ದು ಕೆಂಪುಕಲ್ಲಿನ ಕೋರೆಯಲ್ಲಿ. ಕಲ್ಲು ಕೊಯ್ದ ಪುಡಿ ರಾಶಿ ಬಿದ್ದಿತ್ತು, ಪುಕ್ಕಟೆ. ಆ ಗಿಡ ಹುಟ್ಟುವುದೇ ಈ ಕಲ್ಲಿನಲ್ಲಿ, ಇದನ್ನೇ ಯಾಕೆ ಕೊಡಬಾರದು ಅನ್ನಿಸಿತು. ಮೊದಲ ಸಲ ಹಾಗೇ ತುಂಬಿದೆ, ನೀರು ಬಿದ್ದೊಡನೆ ಗಾರೆಯ ಹಾಗೆ ಗಟ್ಟಿಯಾಯಿತು. ಈಗ ಜರಡಿ ಹಿಡಿದು ಹಿಟ್ಟು ಬಿಸಾಡಿ, ರವೆಯಂಥದ್ದನ್ನು ಮಾತ್ರ ಇಟ್ಟುಕೊಳ್ಳುತ್ತೇನೆ. ಅದು ಎರಡು ಪಾಲು, ಚೆನ್ನಾಗಿ ತೊಳೆದ ಕೋಕೋಪಿಟ್ (ತೆಂಗಿನ ನಾರಿನ ಪುಡಿ) ಒಂದು ಪಾಲು. ಗೊಬ್ಬರ ಚೂರೂ ಬೇಡ.

ಗೆಲ್ಲು ತೆಗೆಯುವುದು ಜಡಿಮಳೆ ನಿಂತ ಮೇಲೆ, ಸೆಪ್ಟೆಂಬರ್ ಕೊನೆಗೆ. ಹೂ ಬಿಡದ ಪಕ್ಕದ ಗೆಲ್ಲು, ಬುಡ ಆಗಷ್ಟೇ ಕಂದಾಗುತ್ತಾ ತುದಿ ಹಸಿರಿರಬೇಕು. ನಾಲ್ಕು ಇಂಚು, ಎರಡು ಜೊತೆ ಎಲೆ, ಎಲೆ ಅರ್ಧಕ್ಕೆ ಕತ್ತರಿಸಿ. ಬುಡವನ್ನು ಐಬಿಎ ಪುಡಿಗೆ, ಅಂದರೆ ಬೇರು ಬರಿಸುವ ಹಾರ್ಮೋನಿಗೆ ಅದ್ದಬೇಕು. ಪುಡಿಗೆ ಅದ್ದುವ ಮೊದಲು ಬುಡಕ್ಕೆ ಇನ್ನೊಂದು ಕೆಲಸ ಮಾಡುತ್ತೇನೆ, ಅದನ್ನು ಸದ್ಯಕ್ಕೆ ಹೇಳುವುದಿಲ್ಲ. ನಾಲ್ಕು ವರ್ಷದ ದುಡಿಮೆ ಅದು. ಆಮೇಲೆ ಶೇಡ್ ನೆಟ್ ಕೆಳಗೆ, ಪೈಪು ಬಗ್ಗಿಸಿ ಪ್ಲಾಸ್ಟಿಕ್ ಮುಚ್ಚಿ ಏಳು ವಾರ. ಬೇರು ಬಂತಾ ಅಂತ ಎಳೆದು ನೋಡಬೇಡಿ. 2020ರಲ್ಲಿ ಹಾಗೆ ನೋಡಿಯೇ 40 ಗೆಲ್ಲು ಕಳೆದುಕೊಂಡೆ. 2021ರಲ್ಲಿ ಮುಟ್ಟದೆ ಬಿಟ್ಟೆ, ಮೊದಲ ಸಲ ಅರ್ಧಕ್ಕರ್ಧ ಉಳಿದವು.

ನಡುವೆ ಗೂಟಿಯನ್ನೂ (ಗಿಡದಲ್ಲಿರುವಾಗಲೇ ಗೆಲ್ಲಿನ ತೊಗಟೆ ತೆಗೆದು, ಸುತ್ತಿ ಬೇರು ಬರಿಸುವುದು) ಕಟ್ಟಿ ನೋಡಿದೆ. ಹತ್ತರಲ್ಲಿ ಎಂಟು ಬಂದವು, ಆದರೆ ತಾಯಿ ಗಿಡ ಬೋಳಾಯಿತು. ಹೈಬ್ರಿಡ್ ಮೇಲೆ ಕಸಿ ಮಾಡಿದ್ದು 20ಕ್ಕೆ ಮೂರು ಹಿಡಿಯಿತು, ಅದನ್ನು ಅಲ್ಲಿಗೇ ಬಿಟ್ಟೆ. ಸಿಮೆಂಟ್ ಗೋಡೆಯ ಬುಡದಲ್ಲಿ ನೆಟ್ಟ ಆರು ಗಿಡಗಳದ್ದು ಬೇರೆಯೇ ಕತೆ. ನರ ಹಸಿರು, ಉಳಿದ ಎಲೆಯೆಲ್ಲ ಹಳದಿ. ಗೋಡೆಯ ಸುಣ್ಣದಂಶ ಇಳಿದರೆ ಮಣ್ಣಲ್ಲಿ ಕಬ್ಬಿಣ ಇದ್ದರೂ ಗಿಡಕ್ಕೆ ಸಿಗುವುದಿಲ್ಲ. ಹುಳಿ ಮಜ್ಜಿಗೆ ಎರೆದೆ, ಇರುವೆ ಬಂತು ಅಷ್ಟೇ. ಬಕೆಟ್ ನೀರಿಗೆ ಒಂದು ಟೀ ಚಮಚ ಫೆರಸ್ ಸಲ್ಫೇಟ್ ಹಾಕಿ ಎರೆದ ಮೇಲೆ ಹೊಸ ಎಲೆ ಹಸಿರಾಗಿ ಬಂತು. ಆದರೂ ಗೋಡೆಯಿಂದ ನಾಲ್ಕಡಿ ದೂರ ನೆಡುವುದೇ ಒಳ್ಳೆಯದು.

ನೆಟ್, ಪೈಪು, ಪ್ಲಾಸ್ಟಿಕ್, ಗಿಡ ನೆಡುವ ತೊಟ್ಟೆ (ಪ್ಲಾಸ್ಟಿಕ್ ಚೀಲ) ಎಲ್ಲ ಸೇರಿ ನಾಲ್ಕೂವರೆ ಸಾವಿರದ ಆಸುಪಾಸು ಹಾಕಿದ್ದೆ. ಗಿಡಕ್ಕೆ 70 ರೂಪಾಯಿ. ಕಳೆದ ವರ್ಷ 90ರಷ್ಟು ಹೋದವು, ಹಾಕಿದ್ದು ಬಂತು. ಕೆಲವರು ದೇವಿ ಪೂಜೆಯ ಹೂವಿಗೆ ಒಯ್ಯುತ್ತಾರೆ, ಕೆಲವರು ಕುಡಿಯ ತಂಬುಳಿಗೆ. ಒಬ್ಬರು ಚಿಟ್ಟೆ ಬರಲಿ ಅಂತಲೇ ಹತ್ತು ಒಯ್ದರು. ಒಳ್ಳೆಯ ಆಲೋಚನೆ ಅದು. ಕೇಪಳದ ಹೂವಿನ ಕೊಳವೆ ಸಪೂರ, ಉದ್ದ. ಉದ್ದ ನಾಲಗೆಯ ಚಿಟ್ಟೆಗೆ ಹೇಳಿ ಮಾಡಿಸಿದ್ದು.

ಈ ಸಲ ಅದೇ ಕಲ್ಲಿನ ಪುಡಿಯಲ್ಲಿ ನೆಕ್ಕರಿಕ ಅನ್ನುವ ಇನ್ನೊಂದು ಕಾಡುಗಿಡದ ಹತ್ತು ಗೆಲ್ಲನ್ನೂ ಊರಿದ್ದೇನೆ. ಮೂರರಲ್ಲಿ ಚಿಗುರು ಕಾಣುತ್ತಿದೆ. ಎಳೆದು ನೋಡಿಲ್ಲ.